ಬೆಳಗೊಳದ ಚಿಂತನೆಯಲ್ಲಿ ಕಾಲ ಮತ್ತು ಚೈತನ್ಯ

ಈಗ ಚನ್ನರಾಯಪಟ್ಟಣ ತಾಲ್ಲೂಕಿಗೆ ಸೇರಿರುವ ಶ್ರವಣಬೆಳಗೊಳದಲ್ಲಿ ಗೊಮ್ಮಟನನ್ನು ನಿಲ್ಲಿಸಿದ ಚಾವುಂಡರಾಯನಿಗೆ ಗುರುಗಳಾಗಿದ್ದ ನೇಮಿಚಂದ್ರ ಸಿದ್ಧಾಂತಚಕ್ರವರ್ತಿಗಳು, ಕಾಲಕ್ಕೆ ಸಿಕ್ಕಿದ ಚೈತನ್ಯದ ಗತಿಯೇನೆಂಬುದನ್ನು ‘ಗೊಮ್ಮಟಸಾರ’ವೆಂಬ ಪ್ರಾಕೃತ ಜೈನಗ್ರಂಥದಲ್ಲಿ ಬೆರಗಾಗುವಷ್ಟು ಸೂಕ್ಷ್ಮವಾಗಿ ವಿವೇಚಿಸಿದ್ದಾರೆ. ಅದರಂತೆ ಕಾಲವು ಬಿಡಿ ಅಣುಗಳಾಗಿ, ರತ್ನಗಳ ರಾಶಿಯ ಹಾಗೆ ಒಂದರೊಡನೊಂದು ಬೆರೆಯದೆ ಲೋಕವನ್ನೆಲ್ಲ ತುಂಬಿದ್ದು, ವಸ್ತುಗಳ ಪರಿಣಾಮಕ್ಕೆ, ಎಂದರೆ ಅವಸ್ಥೆಯಿಂದ ಅವಸ್ಥೆಗೆ ಮಾರ್ಪಡುವುದಕ್ಕೆ, ನಿಮಿತ್ತವಾಗುತ್ತದೆಯೇ ಹೊರತು ತಾನೇ ಅವನ್ನು ಬದಲಿಸುವುದಿಲ್ಲ. ಕೇವಲಜ್ಞಾನವನ್ನು, ಎಂದರೆ ಎಲ್ಲವನ್ನೂ ತಿಳಿಯುವ ಪೂರ್ಣಜ್ಞಾನವನ್ನು, ಪಡೆಯದ ಜೀವದ ಉಪಯೋಗವು, ಅಂದರೆ ವಿಷಯದ ಕಡೆಗೆ ತಿರುಗಿದ ಅರಿವು, 48 ನಿಮಿಷಗಳೊಳಗಿನ ಅಂತರ್ಮುಹೂರ್ತವನ್ನು ಮೀರಿ ಒಂದೆಡೆ ನಿಲ್ಲಲಾರದು. ಆದರೆ ಚದುರಿದ ಮಾತ್ರಕ್ಕೆ ಅದು ನಾಶವಾಗುವುದೂ ಇಲ್ಲ. ಜೀವಗಳಲ್ಲೆಲ್ಲ ಅತಿ ಕೆಳಗಿನದಾದ, ಕಣ್ಣಿಗೆ ಕಾಣದ ನಿಗೋದಜೀವಿಯಲ್ಲಿಯೂ, ಹುಟ್ಟಿದ ಮೊದಲ ‘ಸಮಯ’ದಲ್ಲಿ, ಎಂದರೆ ಮತ್ತೆ ಒಡೆಯಲಾಗದ ಕಾಲದ ಅಂಶದಲ್ಲಿ, ಯಾವ ಕರ್ಮವೂ ಮುಚ್ಚಲಾಗದ ಕಿಂಚಿತ್ ಜ್ಞಾನ ತೆರೆದೇ ಇರುತ್ತದೆ. ಇಡೀ ಸಿದ್ಧಾಂತದ ಧೀರವಾದ ಮಾತು ಇದೇ. ಈ ಕಠಿಣ ವಿಚಾರಕ್ಕೆ ಕೇಶವವರ್ಣಿಯು 1359ರಲ್ಲಿ ಕನ್ನಡದಲ್ಲಿ ಟೀಕೆಯನ್ನು ರಚಿಸಿದನು.