ಬಿಡಾರದಿಂದ ಬಿಡಾರಕ್ಕೆ: ರಾಮ್ ಮೋಹನ್ ಮತ್ತು ಭಾರತದ ಅನಿಮೇಷನ್

ಮಂಗಳೂರಿನ ಕುದ್ರೋಳಿಯವರು ಒಂದು ಕಾಲಕ್ಕೆ ನ್ಯೂಚಿತ್ರಾಕ್ಕೋ ಜ್ಯೋತಿ ಟಾಕೀಸಿಗೋ ಸಿನಿಮಾಕ್ಕೆ ಹೋದರೆ ಮೊದಲು ಫಿಲ್ಮ್ಸ್ ಡಿವಿಜನ್ನಿನ ಕಿರುಚಿತ್ರ ನೋಡಲೇಬೇಕಿತ್ತು. ಕನ್ನಡವೂ ಸೇರಿ ಹಲವು ಭಾಷೆಗಳಲ್ಲಿ ತಯಾರಾಗುತ್ತಿದ್ದ ಅವನ್ನು ಚಿತ್ರಮಂದಿರಗಳು ತೋರಿಸುವುದು ಕಡ್ಡಾಯವಾಗಿತ್ತು. ಆ ಹೊತ್ತಿಗೆ ಅರ್ಧ ಜನ ನೆಲಕಡಲೆ ತರಲು ಎದ್ದು ಹೋಗುತ್ತಿದ್ದರೆಂಬುದು ಬೇರೆ ಮಾತು. ಭಾರತದ ಅನಿಮೇಷನ್ ಬಹುಕಾಲ ಬದುಕಿದ್ದು ಹೀಗೆ, ಬೇರೆಯವರ ಚಿತ್ರದ ಮುಂದೋ ನಡುವೆಯೋ ಸಿಕ್ಕ ಜಾಗದಲ್ಲಿ. ರಾಮ್ ಮೋಹನ್ (1931–2019) ಕೈಹಾಕಿದ ಬಗೆಬಗೆಯ ಕೆಲಸಕ್ಕೆ ಪ್ರತಿಭೆಯಷ್ಟೇ ಈ ನೆಲೆಯಿಲ್ಲದ ಸ್ಥಿತಿಯೂ ಕಾರಣ.

ಮದರಾಸಿನಲ್ಲಿ ರಸಾಯನಶಾಸ್ತ್ರ ಓದಿದ್ದ ಅವರು 1956ರಲ್ಲಿ ಮುಂಬಯಿಯ ಫಿಲ್ಮ್ಸ್ ಡಿವಿಜನ್ನಿನ ಕಾರ್ಟೂನ್ ಘಟಕ ಸೇರಿದರು. ಕಲಿಸಲು ಬಂದವರು ಡಿಸ್ನಿಯಲ್ಲಿ 'ಬ್ಯಾಂಬಿ'ಗೆ ದುಡಿದಿದ್ದ ಕ್ಲೇರ್ ವೀಕ್ಸ್. ಜಾತಕಕತೆ ಆಧರಿಸಿದ 'ದಿ ಬ್ಯಾನಿಯನ್ ಡೀರ್' (1957) ಚಿತ್ರದ ಜಿಂಕೆಗಳ ನಡಿಗೆಯಲ್ಲಿ ಡಿಸ್ನಿಯ ಗುರುತು ಎದ್ದು ಕಾಣುತ್ತದೆ. ರಾಮ್ ಮೋಹನರನ್ನು ಭಾರತೀಯ ಅನಿಮೇಷನ್ನಿನ ಪಿತಾಮಹ ಎನ್ನುವುದುಂಟು. 1915ರಷ್ಟು ಹಿಂದೆಯೇ ಚಿತ್ರದಲ್ಲಿ ಬೆಂಕಿಕಡ್ಡಿ ಕುಣಿಸಿದ ದಾದಾಸಾಹೇಬ್ ಫಾಲ್ಕೆಯವರನ್ನು ನೆನೆದರೆ ಆ ಬಿರುದು ಕೊಂಚ ದುಬಾರಿ.

1968ರಲ್ಲಿ ಪ್ರಸಾದ್ ಪ್ರೊಡಕ್ಷನ್ಸ್, 1972ರಲ್ಲಿ ಸ್ವಂತದ ರಾಮ್ ಮೋಹನ್ ಬಯೋಗ್ರಾಫಿಕ್ಸ್. 'ಯು ಸೆಡ್ ಇಟ್', 'ಫೈರ್ ಗೇಮ್ಸ್' ಕಿರುಚಿತ್ರಗಳಿಗೆ ರಾಷ್ಟ್ರಪ್ರಶಸ್ತಿ ಬಂತು. ಆದರೂ ಅವರ ಕೈಚಳಕ ಹೆಚ್ಚು ಜನರಿಗೆ ತಲುಪಿದ್ದು ಇತರರ ಚಿತ್ರಗಳ ಒಳಗಿಂದ: ಮೃಣಾಲ್ ಸೇನರ 'ಭುವನ್ ಶೋಮ್' (1969), ಸತ್ಯಜಿತ್ ರಾಯರ 'ಶತರಂಜ್ ಕೆ ಖಿಲಾಡಿ' (1977). ಎರಡನೆಯದರಲ್ಲಿ ಗವರ್ನರ್ ಜನರಲ್ ಡಾಲ್‌ಹೌಸಿ ದೇಶೀ ಸಂಸ್ಥಾನಗಳನ್ನು ಚೆರ್ರಿ ಹಣ್ಣಿನಂತೆ ಒಂದೊಂದಾಗಿ ಬಾಯಿಗೆ ಹಾಕಿಕೊಳ್ಳುತ್ತಾನೆ. ಇನ್ನು ಅವಧದ ಸರದಿ. ಪಠ್ಯಪುಸ್ತಕಕ್ಕೆ ಪುಟಗಟ್ಟಲೆ ಬೇಕಾದ ಇತಿಹಾಸ ಇಲ್ಲಿ ಕೆಲವೇ ಗಳಿಗೆಯಲ್ಲಿ ಮುಗಿಯುತ್ತದೆ, ನಗಿಸುತ್ತಲೇ.

ಅವರ ಅತಿ ದೊಡ್ಡ ಕೆಲಸಕ್ಕೂ ಭಾರತದಲ್ಲಿ ಜಾಗ ಸಿಗಲಿಲ್ಲ. ಜಪಾನಿನ ಚಿತ್ರ ನಿರ್ಮಾಪಕ ಯೂಗೋ ಸಾಕೋ ರಾಮಾಯಣವನ್ನು ಅನಿಮೇಷನ್ನಿಗೆ ತರಲು ಹೊರಟಾಗ ಪ್ರತಿಭಟನೆ ಎದ್ದಿತು, ಸರ್ಕಾರ ಜಂಟಿ ನಿರ್ಮಾಣಕ್ಕೆ ಒಪ್ಪಲಿಲ್ಲ. 'ರಾಮಾಯಣ: ದಿ ಲೆಜೆಂಡ್ ಆಫ್ ಪ್ರಿನ್ಸ್ ರಾಮ' (1992) ತಯಾರಾದದ್ದು ಜಪಾನಿನಲ್ಲಿ. ಕೊಯಿಚಿ ಸಾಸಾಕಿ ಜತೆ ರಾಮ್ ಮೋಹನ್ ನಿರ್ದೇಶಕ. ಧೋತಿ ಉಡುವುದು ಹೇಗೆ, ಹಿರಿಯರ ಆಶೀರ್ವಾದ ಪಡೆಯುವುದು ಹೇಗೆ ಎಂಬುದನ್ನೆಲ್ಲ ಭಾರತದ ಕಲಾವಿದರು ಜಪಾನೀಯರಿಗೆ ತಿಳಿಸಿಕೊಡಬೇಕಾಯಿತು. ಪಂಚೆಯ ನೆರಿಗೆ ತಪ್ಪಿದರೆ ನಮ್ಮ ಅಜ್ಜಿಯಂದಿರು ಅವನನ್ನು ರಾಮನೆಂದು ಒಪ್ಪುತ್ತಿರಲಿಲ್ಲ!

ಯುನಿಸೆಫ್‌ಗಾಗಿ ರಾಮ್ ಮೋಹನ್ ರೂಪಿಸಿದ 'ಮೀನಾ' ಪಾತ್ರ ದಕ್ಷಿಣ ಏಷ್ಯಾದ ಯಾವ ಹಳ್ಳಿಯ ಹುಡುಗಿಯಾದರೂ ಆಗಬಹುದಿತ್ತು. ಅವರಿಗೆ ಪದ್ಮಶ್ರೀ ಬಂದದ್ದು 2014ರಲ್ಲಿ.

ಕನ್ನಡದ ಅನುಭವವೂ ಬೇರೆಯಲ್ಲ. ಗೋವಿನ ಹಾಡನ್ನು ಅನಿಮೇಷನ್ ಮಾಡಹೊರಟ ಬೆಂಗಳೂರಿನ ವಿ. ರವಿಶಂಕರ್ ಜನರಿಂದ ಹಣ ಕೂಡಿಸಬೇಕಾಯಿತು. ಇಳಯರಾಜಾ ಸಂಗೀತದ 'ಪುಣ್ಯಕೋಟಿ' 2020ರಲ್ಲಿ ನೆಟ್‌ಫ್ಲಿಕ್ಸ್‌ಗೆ ಬಂತು. ಅದರಲ್ಲಿ ಹಸುವೂ ಹುಲಿಯೂ ಮಾತಾಡುವುದು ಸಂಸ್ಕೃತದಲ್ಲಿ.