ಗಿಡ ನುಂಗಿತ್ತಾ, ನೋಡುಗ ಒಪ್ಪನಾ!

ಹೂವಿನಂಗಡಿಯಲ್ಲಿ ದುಡಿಯುವ ಅನಾಥ ಹುಡುಗ ಸೇಮರ್. ಅವನಿಗೊಂದು ವಿಚಿತ್ರ ಗಿಡ ಸಿಗುತ್ತದೆ. ನೀರು, ಗೊಬ್ಬರಕ್ಕೆ ಜಗ್ಗದ ಅದು ಚಿಗುರುವುದು ಅವನ ಬೆರಳಿನ ರಕ್ತ ಕುಡಿದಾಗ ಮಾತ್ರ. ಬೆಳೆದಂತೆ ಅದಕ್ಕೆ ಮಾತು ಬರುತ್ತದೆ, ಹಾಡೂ ಬರುತ್ತದೆ. ಅಂಗಡಿಗೆ ಗಿರಾಕಿಗಳು, ಹುಡುಗನಿಗೆ ಹೆಸರು. ಗಿಡಕ್ಕೆ ಮಾತ್ರ ಇನ್ನು ಇಡೀ ಮನುಷ್ಯರೇ ಬೇಕು!

'ಲಿಟಲ್ ಶಾಪ್ ಆಫ್ ಹಾರರ್ಸ್' ಹುಟ್ಟಿದ್ದು 1960ರಲ್ಲಿ. ರೋಜರ್ ಕಾರ್ಮನ್ ಬೇರೊಂದು ಚಿತ್ರಕ್ಕೆ ಹಾಕಿದ್ದ ಸೆಟ್ ಬಳಸಿಕೊಂಡು ಅದರ ಬಹುಪಾಲನ್ನು ಎರಡೇ ದಿನಗಳಲ್ಲಿ ಚಿತ್ರೀಕರಿಸಿದರು. ಹಲ್ಲು ಕೀಳಿಸಿಕೊಳ್ಳುವ ನೋವನ್ನೇ ಸವಿಯುವ ರೋಗಿಯಾಗಿ ಅದರಲ್ಲಿ ಬಂದುಹೋಗುವ ಯುವಕ ಜ್ಯಾಕ್ ನಿಕೋಲ್ಸನ್. 1982ರಲ್ಲಿ ಹೊವರ್ಡ್ ಆ್ಯಶ್‌ಮನ್ ಮತ್ತು ಅಲನ್ ಮೆಂಕೆನ್ ಇದನ್ನು ನ್ಯೂಯಾರ್ಕಿನಲ್ಲಿ ಸಂಗೀತ ನಾಟಕವಾಗಿ ರಂಗಕ್ಕೆ ತಂದರು. ಕೊನೆಗೆ ಗಿಡ ನಾಯಕ, ನಾಯಕಿ ಇಬ್ಬರನ್ನೂ ನುಂಗುತ್ತದೆ. ಜನ ನಕ್ಕು, ಚಪ್ಪಾಳೆ ತಟ್ಟಿ ಮನೆಗೆ ಹೋದರು. ನಾಟಕ ಐದು ವರ್ಷ ನಡೆಯಿತು.

1986ರಲ್ಲಿ ಫ್ರ್ಯಾಂಕ್ ಓಝ್ ಅದನ್ನು ಮತ್ತೆ ತೆರೆಗೆ ತಂದರು. ಗಿಡವೆಂದರೆ ಹತ್ತಾರು ಜನ ಸೇರಿ ಆಡಿಸುವ ದೈತ್ಯ ಗೊಂಬೆ. ಹಾಡಿನ ವೇಗಕ್ಕೆ ಅದರ ತುಟಿ ಓಡದು. ಹೀಗಾಗಿ ಕ್ಯಾಮರಾವನ್ನೇ ನಿಧಾನಕ್ಕೆ ಓಡಿಸಿದರು. ಎದುರಿಗಿದ್ದ ನಟ ರಿಕ್ ಮೊರಾನಿಸ್ ಕೂಡ ತುಟಿ, ಕೈ ಎಲ್ಲವನ್ನೂ ನಿಧಾನವಾಗಿ ಆಡಿಸಬೇಕಾಯಿತು. ತೆರೆಯ ಮೇಲೆ ಇದರ ಸುಳಿವೇ ಸಿಗುವುದಿಲ್ಲ.

ಅಂತ್ಯ ನಾಟಕದ್ದೇ. ಮೇಲಾಗಿ, ದೈತ್ಯ ಗಿಡಗಳು ನ್ಯೂಯಾರ್ಕನ್ನೇ ಧ್ವಂಸ ಮಾಡುವ ದೃಶ್ಯವನ್ನು ಅಪಾರ ಖರ್ಚಿನಲ್ಲಿ ತೆಗೆದಿದ್ದರು. ಸ್ಯಾನ್ ಹೋಸೆಯ ಪ್ರಾಯೋಗಿಕ ಪ್ರದರ್ಶನದಲ್ಲಿ ಪ್ರತಿ ಹಾಡಿಗೂ ಚಪ್ಪಾಳೆ. ಪ್ರೇಮಿಗಳು ಸತ್ತರೋ ಇಲ್ಲವೋ, ಚಿತ್ರಮಂದಿರ ತಣ್ಣಗಾಯಿತು. ಓಝ್ ಕೊಟ್ಟ ಕಾರಣ ಸರಳ: ನಾಟಕದಲ್ಲಿ ಸತ್ತವರು ಕೊನೆಗೆ ಎದ್ದು ಬಂದು ನಮಸ್ಕರಿಸುತ್ತಾರೆ. ಸಿನಿಮಾದಲ್ಲಿ ಸತ್ತವರು ಬರುವುದಿಲ್ಲ.

ಅಂತ್ಯವನ್ನು ಮತ್ತೆ ಚಿತ್ರೀಕರಿಸಲಾಯಿತು. ಗಿಡಕ್ಕೆ ವಿದ್ಯುತ್ ಆಘಾತ, ಪ್ರೇಮಿಗಳಿಗೆ ಮದುವೆ, ಪುಟ್ಟ ಮನೆ. ಆದರೂ ಅಂಗಳದ ಹೂಗಳ ನಡುವೆ ನಗುವ ಮೊಗ್ಗೊಂದನ್ನು ಉಳಿಸಿದರು. ಪ್ರೇಕ್ಷಕರ ಕರುಣೆ ತಪ್ಪೆನ್ನಲಾಗದು. ಆದರೆ ಸೇಮರ್ ಅಷ್ಟೊಂದು ನಿರಪರಾಧಿಯೇ? ಕ್ರೂರಿ ದಂತವೈದ್ಯ ಉಸಿರು ಕಟ್ಟಿ ಸಾಯುವಾಗ ಸುಮ್ಮನೆ ನೋಡುತ್ತ ನಿಂತವನು, ಹೆಣ ಕೊಚ್ಚಿ ಗಿಡಕ್ಕೆ ಉಣಿಸಿದವನು. ಹಾಡು, ನಗೆಯ ಭರದಲ್ಲಿ ನಾವು ಅದನ್ನು ಮರೆತಿರುತ್ತೇವೆ. ಮೂಲ ಅಂತ್ಯ ಮರೆಯಲು ಬಿಡುವುದಿಲ್ಲ. ಈ ಲೇಖಕನಿಗೆ ಅದೇ ಹಿಡಿಸಿತು.

ಅಭಿಮಾನಿಗಳು ಆ ಅಂತ್ಯಕ್ಕಾಗಿ ಕಾದೇ ಇದ್ದರು. 2012ರಲ್ಲಿ ಅದು ಬಣ್ಣದಲ್ಲಿ, ಪೂರ್ಣ ರೂಪದಲ್ಲಿ ಡಿಸ್ಕಿನಲ್ಲಿ ಹೊರಬಂತು. ಹಾಡುಗಳನ್ನು ಬರೆದ ಆ್ಯಶ್‌ಮನ್ 1991ರಲ್ಲೇ ತೀರಿಕೊಂಡಿದ್ದರು.