ಝ್ದ್ಯಾರ್ ನಾದ್ ಸಾಜವೌ ಜಿಲ್ಲೆ

ಝ್ದ್ಯಾರ್ ನಾದ್ ಸಾಜವೌ ಚೆಕ್ ಗಣರಾಜ್ಯದ ವಿಸೊಚಿನಾ ಪ್ರಾಂತ್ಯದ ಈಶಾನ್ಯ ಭಾಗದಲ್ಲಿರುವ ಮಲೆನಾಡಿನ ಜಿಲ್ಲೆ. ವಿಸ್ತೀರ್ಣ ಸುಮಾರು 1,580 ಚದರ ಕಿಲೋಮೀಟರ್, ಜನಸಂಖ್ಯೆ ಒಂದು ಲಕ್ಷಕ್ಕಿಂತ ತುಸು ಹೆಚ್ಚು. ಸುಮಾರು 20 ಸಾವಿರ ಜನರಿರುವ ಝ್ದ್ಯಾರ್ ಜಿಲ್ಲೆಯ ಮುಖ್ಯ ಪಟ್ಟಣ. ವೆಲ್ಕೆ ಮೆಜಿರೀಚಿ, ನೋವೆ ಮ್ಯೆಸ್ತೊ ನಾ ಮೊರಾವ್ಯೆ, ಬಿಸ್ತ್ರಿತ್ಸೆ ನಾದ್ ಪೆರ್ನ್‌ಶ್ಟೆಯ್ನೆಮ್, ವೆಲ್ಕಾ ಬೀತೆಶ್ ಮತ್ತು ಸ್ವ್ರಾತ್ಕಾ ಇತರ ಪಟ್ಟಣಗಳು. ಉಳಿದ ಜನವಸತಿಯೆಲ್ಲ ಸಣ್ಣ ಹಳ್ಳಿಗಳಲ್ಲಿ ಹರಡಿದೆ.

ಭೂರಚನೆ

ಬೊಹೀಮಿಯನ್ ಪ್ರಸ್ಥಭೂಮಿಯ ಅತಿ ಪುರಾತನ ಶಿಲಾಸ್ತರದ ಮೇಲೆ ಜಿಲ್ಲೆ ನಿಂತಿದೆ. ನೈಸ್ ಮತ್ತು ಮಿಗ್ಮಟೈಟ್ ಇಲ್ಲಿಯ ಮುಖ್ಯ ಶಿಲೆಗಳು. ಉತ್ತರಕ್ಕೆ ಝ್ದ್ಯಾರ್ ಬೆಟ್ಟಸಾಲು ಇದೆ. ಅದರ ಅತ್ಯುನ್ನತ ಶಿಖರ 836 ಮೀಟರ್ ಎತ್ತರದ ದೆವ್ಯೆತ್ ಸ್ಕಾಲ್. ಈ ಬೆಟ್ಟಗಳು ಕಡಿದಾಗಿಲ್ಲ. ದುಂಡನೆಯ ಬೆನ್ನಿನ ದಿಬ್ಬಗಳು ಒಂದರ ಹಿಂದೊಂದು ಏರಿಳಿಯುತ್ತವೆ, ಅವುಗಳ ನೆತ್ತಿಯ ಮೇಲೆ ಅಲ್ಲಲ್ಲಿ ಬರಿಯ ಬಂಡೆಗಳು ಗೋಡೆಯಂತೆ ಎದ್ದು ನಿಂತಿವೆ. ಹಿಮಯುಗದ ಕಾಲದಲ್ಲಿ ಬಿರುಕುಗಳಿಗೆ ಇಳಿದ ನೀರು ಹೆಪ್ಪುಗಟ್ಟಿ ಕಲ್ಲನ್ನು ಸೀಳುತ್ತ ಬಂದಿತು. ಮೆದು ಭಾಗ ಸವೆದು ಗಟ್ಟಿ ಭಾಗ ಉಳಿಯಿತು. ದೆವ್ಯೆತ್ ಸ್ಕಾಲ್, ಚ್ತಿರ್ಝಿ ಪಾಲಿತ್ಸೆ ಮತ್ತು ದ್ರಾತೆನಿಚ್ಕಿ ಬಂಡೆಗಳು ರೂಪುಗೊಂಡದ್ದು ಹೀಗೆ. ದಕ್ಷಿಣಕ್ಕೆ ಸಾಗಿದಂತೆ ನೆಲ ಇಳಿಯುತ್ತದೆ, ನದಿಕಣಿವೆಗಳು ಆಳವಾಗುತ್ತವೆ.

ಎತ್ತರದ ಪ್ರದೇಶದಲ್ಲಿ ಚಳಿಗಾಲ ದೀರ್ಘ, ಮಣ್ಣು ತೆಳು. ಹೀಗಾಗಿ ಇಲ್ಲಿ ಗೋಧಿಗಿಂತ ರೈ, ಆಲೂಗಡ್ಡೆ ಮತ್ತು ಅಗಸೆ ಬೆಳೆಗಳೇ ರೈತರ ಕೈಹಿಡಿದವು. ಮೂಲದಲ್ಲಿ ಬೀಚ್ ಮತ್ತು ಫರ್ ಮರಗಳಿದ್ದ ಕಾಡನ್ನು ಕಡಿದು, ಬೇಗ ಬೆಳೆಯುವ ಸ್ಪ್ರೂಸ್ ಮರಗಳನ್ನು ನೆಟ್ಟರು. ಹಳೆಯ ಕಾಡಿನ ಒಂದು ತುಣುಕು 810 ಮೀಟರ್ ಎತ್ತರದ ಝಾಕೊವಾ ಹೊರಾ ಬೆಟ್ಟದಲ್ಲಿ ರಾಷ್ಟ್ರೀಯ ನಿಸರ್ಗಧಾಮವಾಗಿ ಉಳಿದಿದೆ. ಒಂದೇ ಜಾತಿಯ ನೆಡುತೋಪಿನ ದೌರ್ಬಲ್ಯ ಇತ್ತೀಚಿನ ದಶಕದಲ್ಲಿ ಬಯಲಾಯಿತು. ಬರದಿಂದ ಸೊರಗಿದ ಸ್ಪ್ರೂಸ್ ಮರಗಳಿಗೆ ತೊಗಟೆಹುಳು ಬಿದ್ದು ವಿಸೊಚಿನಾದ ಗುಡ್ಡಗಳು ವಿಶಾಲವಾಗಿ ಬೋಳಾದವು. ಬೆಟ್ಟಸಾಲನ್ನು 1970ರಲ್ಲಿ ಸಂರಕ್ಷಿತ ಭೂದೃಶ್ಯ ಪ್ರದೇಶವೆಂದು ಘೋಷಿಸಲಾಯಿತು. ಅದರ ವಿಸ್ತೀರ್ಣ ಸುಮಾರು 709 ಚದರ ಕಿಲೋಮೀಟರ್. ಒಂದು ಭಾಗ ನೆರೆಯ ಜಿಲ್ಲೆಗಳಿಗೂ ಚಾಚಿದೆ.

ನದಿಗಳು, ಕೆರೆಗಳು

ಯುರೋಪಿನ ಮುಖ್ಯ ಜಲವಿಭಾಜಕ ರೇಖೆ ಈ ಬೆಟ್ಟಗಳ ಮೇಲೆ ಹಾದುಹೋಗುತ್ತದೆ. ಸಾಜವ ನದಿ ಪಶ್ಚಿಮಕ್ಕೆ ಹರಿದು ವ್ಲ್ತಾವಾ ಮತ್ತು ಎಲ್ಬೆ ನದಿಗಳ ಮೂಲಕ ಉತ್ತರ ಸಮುದ್ರ ಸೇರುತ್ತದೆ. ಸ್ವ್ರಾತ್ಕಾ ಮತ್ತು ಓಸ್ಲಾವಾ ನದಿಗಳ ನೀರು ಆಗ್ನೇಯಕ್ಕೆ ಸಾಗಿ ಡ್ಯಾನ್ಯೂಬ್ ಮೂಲಕ ಕಪ್ಪು ಸಮುದ್ರ ಮುಟ್ಟುತ್ತದೆ. ಬೇರೆಲ್ಲಿಂದಲೋ ಹರಿದುಬರುವ ದೊಡ್ಡ ನದಿ ಇಲ್ಲಿಲ್ಲ. ಬಿದ್ದ ಮಳೆ ಮತ್ತು ಕರಗಿದ ಹಿಮವೇ ಜಿಲ್ಲೆಯ ನೀರಿನ ಮೂಲ. ಹೀಗಾಗಿ ನೀರನ್ನು ಹಿಡಿದಿಡುವ ಕೆಲಸ ಬಹಳ ಹಿಂದೆಯೇ ಆರಂಭವಾಯಿತು. ಸಾಜವ ನದಿಯ ಮೇಲ್ಭಾಗದಲ್ಲಿರುವ 206 ಹೆಕ್ಟೇರ್ ವಿಸ್ತಾರದ ವೆಲ್ಕೆ ದಾರ್ಕೊ ಕೆರೆ ಸಿಸ್ಟರ್ಶಿಯನ್ ಸಂನ್ಯಾಸಿಗಳ ಕಾಲದ್ದು. ವಿಸೊಚಿನಾ ಪ್ರಾಂತ್ಯದ ಅತಿ ದೊಡ್ಡ ಕೆರೆಯಾದ ಇದರ ಪಕ್ಕದ ಪೀಟ್ ಜೌಗು ಸಂರಕ್ಷಿತ ಪ್ರದೇಶ.

ಸ್ವ್ರಾತ್ಕಾ ನದಿಗೆ ಕಟ್ಟಿರುವ ವೀರ್ ಅಣೆಕಟ್ಟು 1957ರಲ್ಲಿ ಪೂರ್ಣಗೊಂಡಿತು. 76 ಮೀಟರಿಗೂ ಹೆಚ್ಚು ಎತ್ತರದ ಈ ಕಾಂಕ್ರೀಟ್ ಅಣೆಕಟ್ಟಿನ ನೀರು ಬ್ರನೊ ನಗರಕ್ಕೂ ಹೋಗುತ್ತದೆ. ಹಿನ್ನೀರಿನಲ್ಲಿ ಮುಳುಗಿದ ಊರುಗಳಲ್ಲಿ ಖುದೊಬೀನ್ ಒಂದು. ಆ ಊರಿನ ಸಮೀಪ ದಡದ ಬಂಡೆಯ ಮೇಲೆ ಉಳಿದ ಪೈನ್ ಮರ 2020ರಲ್ಲಿ ‘ಯುರೋಪಿನ ವರ್ಷದ ಮರ’ ಎಂಬ ಮನ್ನಣೆ ಪಡೆಯಿತು. ರಾತ್ರಿ ಹೊತ್ತು ಈ ಮರದಡಿ ಸೈತಾನ ಕುಳಿತು ಪಿಟೀಲು ನುಡಿಸುತ್ತಿದ್ದ ಎಂಬುದು ಜನರ ಕಥೆ.

ಇತಿಹಾಸ ಮತ್ತು ನೆಲೆಗಳು

ಬೊಹೀಮಿಯಾ ಮತ್ತು ಮೊರಾವಿಯಾಗಳ ಹಳೆಯ ಗಡಿ ಈ ಕಾಡುಗಳ ನಡುವೆ ಇತ್ತು. ಕ್ರ್ಝಿಝಾಂಕಿ ಹಳ್ಳಿಯಲ್ಲಿ ಸ್ವ್ರಾತ್ಕಾ ನದಿಯೇ ಎಲ್ಲೆ: ಒಂದು ದಡ ಬೊಹೀಮಿಯಾದ್ದು, ಇನ್ನೊಂದು ಮೊರಾವಿಯಾದ್ದು. ಈ ಹಳ್ಳಿಯ ಮತ್ತು ಕ್ರಾತ್ಕಾ ಹಳ್ಳಿಯ ಸಾಂಪ್ರದಾಯಿಕ ಮನೆಗಳು ರಕ್ಷಣೆಗೊಳಪಟ್ಟಿವೆ. 1252ರಲ್ಲಿ ಸ್ಥಾಪನೆಯಾದ ಝ್ದ್ಯಾರ್ ಸಿಸ್ಟರ್ಶಿಯನ್ ಮಠ ಈ ಗಡಿಕಾಡಿನಲ್ಲಿ ಊರುಗಳನ್ನು ನೆಲೆಗೊಳಿಸಿತು, ಕೆರೆಗಳನ್ನು ಕಟ್ಟಿಸಿತು. ಸೌದೆ ಮತ್ತು ನೀರಿನ ಬಲ ಎರಡೂ ಇದ್ದುದರಿಂದ ಹೊಳೆಗಳ ಉದ್ದಕ್ಕೂ ಕಬ್ಬಿಣ ಬಡಿಯುವ ಕಮ್ಮಟಗಳು ತಲೆಯೆತ್ತಿದವು. ಹಮ್ರಿ ಗ್ರಾಮದ ಶ್ಲಾಕ್‌ಹಾಮರ್ ಅಂಥ ಒಂದು ಕಮ್ಮಟದ ಉಳಿಕೆ. ಜಿಲ್ಲೆಯ ಕ್ರ್ಝಿಝಾನೊವ್‌ನಲ್ಲಿ 13ನೇ ಶತಮಾನದಲ್ಲಿ ಹುಟ್ಟಿದ ಝ್ದಿಸ್ಲಾವಾಳನ್ನು ಪೋಪ್ ಎರಡನೇ ಜಾನ್ ಪಾಲ್ 1995ರಲ್ಲಿ ಸಂತಳೆಂದು ಘೋಷಿಸಿದರು.

ಜೆಲೆನಾ ಹೊರಾ ಮತ್ತು ಸಾಂತಿನಿಯ ಕಟ್ಟಡಗಳು

ಜಿಲ್ಲೆಯ ಅತಿ ಪ್ರಸಿದ್ಧ ಸ್ಮಾರಕ ಝ್ದ್ಯಾರ್ ಪಟ್ಟಣದಂಚಿನ ಜೆಲೆನಾ ಹೊರಾ ಗುಡ್ಡದ ಮೇಲಿರುವ ನೆಪೊಮುಕದ ಸಂತ ಯಾನ್ ಯಾತ್ರಾ ಚರ್ಚ್. 1393ರಲ್ಲಿ ರಾಜನ ಆಜ್ಞೆಯಂತೆ ಯಾನ್‌ನನ್ನು ಪ್ರಾಗಿನಲ್ಲಿ ವ್ಲ್ತಾವಾ ನದಿಗೆ ಎಸೆಯಲಾಯಿತು. ಅವನ ದೇಹ ಬಿದ್ದ ನೀರಿನ ಮೇಲೆ ಐದು ನಕ್ಷತ್ರಗಳು ಬೆಳಗಿದವು ಎಂಬುದು ಪ್ರತೀತಿ. 1719ರಲ್ಲಿ ಅವನ ಸಮಾಧಿ ತೆರೆದಾಗ ಕೊಳೆಯದ ನಾಲಗೆ ಸಿಕ್ಕಿತೆಂದು ಭಕ್ತರು ನಂಬಿದರು. ಮಠಾಧಿಪತಿ ವಾತ್ಸ್ಲಾವ್ ವೆಯ್‌ಮ್ಲುವಾ ಆ ಸುಮಾರಿಗೆ ಈ ಚರ್ಚಿನ ಕೆಲಸವನ್ನು ಪ್ರಾಗಿನ ವಾಸ್ತುಶಿಲ್ಪಿ ಯಾನ್ ಬ್ಲಾಝೆಯ್ ಸಾಂತಿನಿ ಐಖೆಲ್‌ಗೆ (1677–1723) ವಹಿಸಿದ. 1722ರಲ್ಲಿ ಚರ್ಚಿನ ಪ್ರತಿಷ್ಠೆ ನಡೆಯಿತು.

ಐದು ಎಂಬ ಸಂಖ್ಯೆಯೇ ಕಟ್ಟಡದ ಸೂತ್ರ. ನೆಲನಕ್ಷೆ ಐದು ಕೋನಗಳ ನಕ್ಷತ್ರ. ಬಾಗಿಲುಗಳು ಐದು, ಸುತ್ತಲಿನ ಹತ್ತು ಮುಖದ ಮೊಗಸಾಲೆಗೆ ದ್ವಾರಗಳೂ ಗುಡಿಗಳೂ ಐದೈದು. ಗುಮ್ಮಟದ ನಡುವೆ ದೊಡ್ಡ ಕೆಂಪು ನಾಲಗೆಯ ಚಿತ್ರಣವಿದೆ. ಗಾಥಿಕ್ ಕಮಾನನ್ನೂ ಬರೋಕ್ ಚಲನೆಯನ್ನೂ ಬೆಸೆದ ಈ ರಚನೆ 1994ರಲ್ಲಿ ಯುನೆಸ್ಕೊ ವಿಶ್ವ ಪರಂಪರೆಯ ಪಟ್ಟಿ ಸೇರಿತು. 1784ರಲ್ಲಿ ಚರ್ಚಿಗೆ ಬೆಂಕಿ ಬಿತ್ತು. ಅದೇ ವರ್ಷ ಚಕ್ರವರ್ತಿ ಎರಡನೇ ಜೋಸೆಫನ ಆಜ್ಞೆಯಿಂದ ಮಠವೂ ಮುಚ್ಚಿತು. ಮುಂದೆ ಮಠದ ಕಟ್ಟಡಗಳು ಅರಮನೆಯಾದವು.

ವೆಯ್‌ಮ್ಲುವಾನ ಆಡಳಿತದ ಊರುಗಳಲ್ಲೂ ಸಾಂತಿನಿಯ ಕೈಗುರುತು ಇದೆ. ಓಬಿಚ್ತೊವ್‌ನ ಚರ್ಚಿನ ನಕ್ಷೆ ಆಮೆಯ ಆಕಾರದ್ದು. ಓಸ್ತ್ರೊವ್‌ನ ಛತ್ರದ ನಕ್ಷೆ ರೋಮನ್ ಲಿಪಿಯ ‘ಡಬ್ಲ್ಯು’ ಅಕ್ಷರದಂತಿದೆ. ಅದು ಮಠಾಧಿಪತಿಯ ಹೆಸರಿನ ಮೊದಲಕ್ಷರ. ಜ್ವೊಲೆ ಮತ್ತು ಹೊರ್ನಿ ಬೊಬ್ರೊವಾ ಚರ್ಚುಗಳೂ ಅವನ ವಿನ್ಯಾಸದವು.

ಇತರ ಪಟ್ಟಣಗಳು

ನೋವೆ ಮ್ಯೆಸ್ತೊ ಶಿಲ್ಪಿಗಳಾದ ಯಾನ್ ಶ್ತುರ್ಸಾ (ಜನನ 1880) ಮತ್ತು ವಿಂಟ್ಸೆಂಟ್ಸ್ ಮಕೋವ್‌ಸ್ಕಿ (ಜನನ 1900) ಅವರ ಹುಟ್ಟೂರು. ಇಲ್ಲಿಯ ಹಿಮ ಆ ಊರಿಗೆ ಇನ್ನೊಂದು ಕೀರ್ತಿ ತಂದಿತು. ವಿಸೊಚಿನಾ ಅರೇನಾ ಕ್ರೀಡಾಂಗಣದಲ್ಲಿ 2013 ಮತ್ತು 2024ರಲ್ಲಿ ಬಯಾಥ್ಲಾನ್ ವಿಶ್ವ ಚಾಂಪಿಯನ್‌ಷಿಪ್ ನಡೆಯಿತು. ವೆಲ್ಕೆ ಮೆಜಿರೀಚಿ ಓಸ್ಲಾವಾ ಮತ್ತು ಬಾಲಿಂಕಾ ನದಿಗಳ ಸಂಗಮದಲ್ಲಿದೆ. ಅರಮನೆ ಮತ್ತು ಎರಡು ಹಳೆಯ ಯೆಹೂದಿ ಪ್ರಾರ್ಥನಾ ಮಂದಿರಗಳು ಅಲ್ಲಿವೆ. ಬಿಸ್ತ್ರಿತ್ಸೆಯ ಹೆಸರಿನಲ್ಲಿರುವ ಪೆರ್ನ್‌ಶ್ಟೆಯ್ನ್ ಕೋಟೆ ಜಿಲ್ಲೆಯ ಗಡಿಯಾಚೆ, ದಕ್ಷಿಣ ಮೊರಾವಿಯಾದಲ್ಲಿದೆ.

ಆರ್ಥಿಕತೆ, ಸಾರಿಗೆ, ಆಡಳಿತ

1951ರಲ್ಲಿ ಝ್ದಾಸ್ ಯಂತ್ರ ಕಾರ್ಖಾನೆ ಶುರುವಾದ ಮೇಲೆ ಝ್ದ್ಯಾರ್ ಸಣ್ಣ ಊರಿನಿಂದ ಕೈಗಾರಿಕಾ ಪಟ್ಟಣವಾಗಿ ಬೆಳೆಯಿತು. 1953ರಲ್ಲಿ ತೆರೆದ ಹೊಸ ರೈಲುಮಾರ್ಗ ಅದನ್ನು ಬ್ರನೊ ಮತ್ತು ಹಾವ್ಲೀಚ್‌ಕೂವ್ ಬ್ರೋದ್‌ಗೆ ನೇರವಾಗಿ ಜೋಡಿಸಿತು. ಡೊಲ್ನಿ ರೊಝೀಂಕಾ ಸಮೀಪದ ರೊಝ್ನಾ ಗಣಿಯಲ್ಲಿ 1957ರಿಂದ ಯುರೇನಿಯಂ ತೆಗೆಯಲಾಯಿತು. ಮಧ್ಯ ಯುರೋಪಿನ ಕೊನೆಯ ಯುರೇನಿಯಂ ಗಣಿಯಾಗಿದ್ದ ಅದು 2017ರಲ್ಲಿ ನಿಂತಿತು. ಪ್ರಾಗ್ ಮತ್ತು ಬ್ರನೊ ನಡುವಿನ ಡಿ1 ಹೆದ್ದಾರಿ ಜಿಲ್ಲೆಯ ದಕ್ಷಿಣದಲ್ಲಿ ವೆಲ್ಕೆ ಮೆಜಿರೀಚಿ ಹಾಗೂ ವೆಲ್ಕಾ ಬೀತೆಶ್ ಮೂಲಕ ಹಾದುಹೋಗುತ್ತದೆ. ಜಿಲ್ಲಾ ಕಚೇರಿಗಳು ರದ್ದಾದ ಮೇಲೆ ಆಡಳಿತದ ಅಧಿಕಾರ ಯಿಹ್ಲಾವಾದಲ್ಲಿರುವ ಪ್ರಾಂತ್ಯ ಸರ್ಕಾರಕ್ಕೂ ಸ್ಥಳೀಯ ಪಟ್ಟಣಗಳಿಗೂ ಹಂಚಿಹೋಯಿತು. ಜಿಲ್ಲೆ ಈಗ ಮುಖ್ಯವಾಗಿ ಅಂಕಿಅಂಶ ಮತ್ತು ನ್ಯಾಯಾಲಯ ವ್ಯಾಪ್ತಿಯ ಘಟಕವಾಗಿ ಉಳಿದಿದೆ.